ಫಲಿತಾಂಶದ ಕೋಷ್ಟಕ ಹೇಳದ ಚುನಾವಣೆ

ಎಂಟು, ಒಂಬತ್ತನೇ ತರಗತಿಗಳ ದತ್ತಾಂಶ ನಿರ್ವಹಣೆ ಪಾಠಕ್ಕೆ ನಾವು ಪ್ರಶಿಕ್ಷಣಾರ್ಥಿಗಳು ಆರಿಸಿಕೊಳ್ಳುವ ಉದಾಹರಣೆಗಳು ಎರಡೋ ಮೂರೋ: ಕ್ರಿಕೆಟ್ ರನ್ನುಗಳು, ಮಕ್ಕಳ ಎತ್ತರ, ಊರಿನ ಮಳೆ. ಕೋಷ್ಟಕ ಬರೆಸುತ್ತೇವೆ, ಶೇಕಡಾ ತೆಗೆಸುತ್ತೇವೆ, ವೃತ್ತ ನಕ್ಷೆ ಎಳೆಸುತ್ತೇವೆ, ಪಾಠ ಮುಗಿಯುತ್ತದೆ. ಸಮಾಜ ವಿಜ್ಞಾನದ ಗೆಳೆಯರು ಚುನಾವಣೆಯ ಪಾಠದಲ್ಲಿ ಪಕ್ಷ, ಚಿಹ್ನೆ, ಮತದಾನ, ಫಲಿತಾಂಶ ಎಂಬ ಕ್ರಮ ಹಿಡಿಯುತ್ತಾರೆ. ಎರಡೂ ಪಾಠಗಳು ಅದೇ ಕೋಣೆಯಲ್ಲಿ, ಅದೇ ಮಕ್ಕಳಿಗೆ ನಡೆದರೂ ಒಂದರ ಮುಖ ಇನ್ನೊಂದು ನೋಡುವುದಿಲ್ಲ. ಇವೆರಡನ್ನೂ ಒಂದು ಕಡೆ ತರಬೇಕು, ಅದಕ್ಕೆ ಅಮೆರಿಕದ ನಾರ್ತ್ ಡಕೋಟ ರಾಜ್ಯದಲ್ಲಿ 1916ರಲ್ಲಿ ನಡೆದ ಗವರ್ನರ್ ಚುನಾವಣೆ ತಕ್ಕ ಪಾಠವಸ್ತು ಎಂಬುದು ನನ್ನ ಅಭಿಪ್ರಾಯ. (ಅಲ್ಲಿನ ಗವರ್ನರ್ ನಮ್ಮ ರಾಜ್ಯಪಾಲರಂತೆ ನೇಮಕಗೊಂಡವರಲ್ಲ. ಜನರೇ ಆರಿಸುವ, ಆಡಳಿತ ನಡೆಸುವ ಹುದ್ದೆ ಅದು.)

ಮೊದಲು ಕೋಷ್ಟಕ. 1916ರ ನವೆಂಬರಿನಲ್ಲಿ ರಿಪಬ್ಲಿಕನ್ ಪಕ್ಷದ ಲಿನ್ ಫ್ರೇಜಿಯರ್ ಅವರಿಗೆ ಬಂದ ಮತ ಸುಮಾರು ಶೇ. 79. ಡೆಮಾಕ್ರಟಿಕ್ ಪಕ್ಷದ ಅಭ್ಯರ್ಥಿಗೆ ಸುಮಾರು ಶೇ. 18. ಸೋಷಿಯಲಿಸ್ಟ್ ಪಕ್ಷದವರಿಗೆ ಸುಮಾರು ಶೇ. 2. ಮೂರನ್ನೂ ಕೂಡಿಸಿದರೆ 99 ಬರುತ್ತದೆ. ಉಳಿದ ಒಂದು ಎಲ್ಲಿ ಹೋಯಿತು ಎಂದು ಮಕ್ಕಳು ಕೇಳುತ್ತಾರೆ. ಯಾರೂ ಕದ್ದಿಲ್ಲ, ಮೂರು ಸಂಖ್ಯೆಗಳನ್ನೂ ಪೂರ್ಣಾಂಕಕ್ಕೆ ಇಳಿಸುವಾಗ ಉದುರಿದ ದಶಮಾಂಶಗಳು ಅವು. ಪೂರ್ಣಾಂಕಗೊಳಿಸುವಿಕೆಗೆ ಇದಕ್ಕಿಂತ ಸುಲಭದ ಉದಾಹರಣೆ ಬೇಕಿಲ್ಲ.

ಈಗ ಮಕ್ಕಳನ್ನು ಕೇಳೋಣ: ಈ ಚುನಾವಣೆಯಲ್ಲಿ ಏನಾಯಿತು? ರಿಪಬ್ಲಿಕನ್ನರು ಭಾರಿ ಬಹುಮತದಿಂದ ಗೆದ್ದರು, ಸ್ಪರ್ಧೆಯೇ ಇರಲಿಲ್ಲ ಎಂದು ಅವರು ಹೇಳುತ್ತಾರೆ. ಕೋಷ್ಟಕದ ಮಟ್ಟಿಗೆ ಉತ್ತರ ಸರಿ. ಆದರೆ ಆ ವರ್ಷ ಆ ರಾಜ್ಯದಲ್ಲಿ ಬಹುಕಾಲದಿಂದ ಬೇರೂರಿದ್ದ ರಿಪಬ್ಲಿಕನ್ ನಾಯಕರೇ ಸೋತಿದ್ದರು. ಅವರನ್ನು ಸೋಲಿಸಿದ ಸಂಘಟನೆಯ ಹೆಸರು ಕೋಷ್ಟಕದ ಯಾವ ಸಾಲಿನಲ್ಲೂ ಇಲ್ಲ. ಸಂಖ್ಯೆಗಳು ಸರಿಯಿದ್ದೂ ಅವುಗಳಿಂದ ತೆಗೆದ ತೀರ್ಮಾನ ತಪ್ಪಾಗಬಹುದು ಎಂಬುದನ್ನು ನಮ್ಮ ಪಠ್ಯದ ಅಭ್ಯಾಸಗಳು ಅಪರೂಪಕ್ಕೆ ಕಲಿಸುತ್ತವೆ.

ಆ ಸಂಘಟನೆ ನಾನ್‌ಪಾರ್ಟಿಸನ್ ಲೀಗ್, ಅಂದರೆ ಪಕ್ಷಾತೀತ ಒಕ್ಕೂಟ. 1915ರಲ್ಲಿ ಅದನ್ನು ಕಟ್ಟಿದವರು ಆರ್ಥರ್ ಟೌನ್ಲಿ. ಬೀಚ್ ಎಂಬ ಊರಿನ ಬಳಿ ದೊಡ್ಡ ಪ್ರಮಾಣದಲ್ಲಿ ಅಗಸೆ ಬೆಳೆದು, ಬೆಲೆ ಕುಸಿದಾಗ ದಿವಾಳಿಯಾದ ರೈತ. ಸೋಷಿಯಲಿಸ್ಟ್ ಪಕ್ಷದ ಪ್ರಚಾರಕರಾಗಿಯೂ ದುಡಿದಿದ್ದರು. ಒಕ್ಕೂಟದ ಕಾರ್ಯಕರ್ತರು ಫೋರ್ಡ್ ಕಾರುಗಳಲ್ಲಿ ಹೊಲದಿಂದ ಹೊಲಕ್ಕೆ ಹೋಗಿ ಸದಸ್ಯರನ್ನು ಸೇರಿಸಿದರು. ಕೈಯಲ್ಲಿ ಕಾಸಿಲ್ಲದವರಿಂದ ಸುಗ್ಗಿಯ ನಂತರದ ತಾರೀಕು ಹಾಕಿದ ಚೆಕ್ ಪಡೆದರು. ತಮ್ಮದೇ ಪತ್ರಿಕೆ ಹೊರಡಿಸಿದರು.

ಇಷ್ಟೆಲ್ಲ ಯಾಕೆ ಬೇಕಾಯಿತು? ಇಲ್ಲಿಂದ ಪಾಠ ವಿಜ್ಞಾನಕ್ಕೆ ಬರುತ್ತದೆ. ನಾರ್ತ್ ಡಕೋಟದ ರೈತರು ಗೋಧಿ ಬೆಳೆಯುತ್ತಿದ್ದರು. ಅದರ ಮಾರುಕಟ್ಟೆ, ಗಿರಣಿಗಳು, ಸಾಲ ಕೊಡುವ ದೊಡ್ಡ ಬ್ಯಾಂಕುಗಳು ಪಕ್ಕದ ಮಿನ್ನೆಸೋಟ ರಾಜ್ಯದ ಮಿನ್ನಿಯಾಪೊಲಿಸ್, ಸೇಂಟ್ ಪಾಲ್, ಡುಲುತ್ ನಗರಗಳಲ್ಲಿದ್ದವು. ರೈಲು ಹಳಿಯ ಪಕ್ಕದಲ್ಲಿದ್ದ ಎತ್ತರದ ಧಾನ್ಯದ ಉಗ್ರಾಣಗಳಿಗೆ ಎಲಿವೇಟರ್ ಎಂದು ಹೆಸರು. ರೈತ ಗೋಧಿ ತಂದಾಗ ಅದನ್ನು ತೂಗುವವರು, ಕಸಕಡ್ಡಿಗೆಂದು ಇಷ್ಟು ಕಳೆಯುವವರು, ಒಂದನೇ ದರ್ಜೆಯೋ ನಾಲ್ಕನೇ ದರ್ಜೆಯೋ ಎಂದು ತೀರ್ಮಾನಿಸುವವರು ಕೊಳ್ಳುವ ಕಡೆಯವರೇ. ತೂಕದಲ್ಲಿ ಸೂಟು ಹಿಡಿಯುವುದನ್ನು ಮನೆಯಲ್ಲಿ ಕೇಳಿ ಬೆಳೆದ ನಮ್ಮ ರೈತರ ಮಕ್ಕಳಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ದರ್ಜೆ ನಿರ್ಧಾರಕ್ಕೆ ಬಳಸುತ್ತಿದ್ದ ಒಂದು ಮುಖ್ಯ ಅಳತೆ, ನಿಗದಿತ ಗಾತ್ರದ ಅಳತೆಪಾತ್ರೆಯಲ್ಲಿ ಹಿಡಿಯುವ ಗೋಧಿಯ ತೂಕ. ನಮ್ಮ ಭಾಷೆಯಲ್ಲಿ ಹೇಳುವುದಾದರೆ ಸಾಂದ್ರತೆ. ಜೊಳ್ಳು ಕಾಳು ಹಗುರ, ಆದ್ದರಿಂದ ಕೆಳದರ್ಜೆ. 1906ರಲ್ಲಿ ಆ ರಾಜ್ಯದ ಬ್ಯಾಂಕರುಗಳ ಸಂಘದ ಸಮಿತಿಯೊಂದು ದೊಡ್ಡ ಉಗ್ರಾಣವೊಂದರ ಲೆಕ್ಕ ಬಯಲಿಗೆ ತಂದಿತು. ಒಳಗೆ ಬಂದ ಒಂದನೇ ದರ್ಜೆಯ ಗೋಧಿ ಸುಮಾರು 1 ಲಕ್ಷ ಬುಷೆಲ್, ಹೊರಗೆ ಹೋದದ್ದು ಸುಮಾರು 2 ಲಕ್ಷ ಬುಷೆಲ್. ನಾಲ್ಕನೇ ದರ್ಜೆಯ ಗೋಧಿ ಒಳಗೆ ಬಂದಿತ್ತು, ಆ ಹೆಸರಿನಲ್ಲಿ ಒಂದು ಕಾಳೂ ಹೊರಗೆ ಹೋಗಿರಲಿಲ್ಲ. ಇದು ಹೇಗೆ ಸಾಧ್ಯ? ಸರಾಸರಿಯಿಂದ. ಒಂದು ದರ್ಜೆಗೆ ಕನಿಷ್ಠ 57 ಅಂಕ ಬೇಕೆಂದು ಊಹಿಸಿಕೊಳ್ಳಿ. 60 ಅಂಕದ ಒಂದು ಚೀಲಕ್ಕೆ 54 ಅಂಕದ ಒಂದು ಚೀಲ ಬೆರೆಸಿದರೆ ಸರಾಸರಿ 57. ಎರಡು ಚೀಲವೂ ಮೇಲಿನ ದರ್ಜೆಗೆ ಏರುತ್ತವೆ. 54ರ ಚೀಲಕ್ಕೆ ರೈತನಿಗೆ ಸಿಕ್ಕಿದ್ದು ಕೆಳದರ್ಜೆಯ ಬೆಲೆ. ಸರಾಸರಿ ಯಾಕೆ ಕಲಿಯಬೇಕು ಎಂದು ಕೇಳುವ ಹುಡುಗನಿಗೆ ಈ ಲೆಕ್ಕ ಉತ್ತರ ಕೊಡುತ್ತದೆ.

ರಾಜ್ಯವೇ ಒಂದು ದೊಡ್ಡ ಎಲಿವೇಟರ್ ಹೊಂದಬಹುದು ಎಂಬ ಸಂವಿಧಾನ ತಿದ್ದುಪಡಿಗಳಿಗೆ ಮತದಾರರು 1912 ಮತ್ತು 1914ರಲ್ಲಿ ಒಪ್ಪಿಗೆ ಕೊಟ್ಟರು. 1915ರಲ್ಲಿ ಶಾಸನಸಭೆ ಆ ಯೋಜನೆಯನ್ನು ತಳ್ಳಿಹಾಕಿತು. ಕೇಳಲು ಬಂದ ರೈತರಿಗೆ ಶಾಸಕರೊಬ್ಬರು, ಮನೆಗೆ ಹೋಗಿ ಹಂದಿಗಳಿಗೆ ಮೇವು ಹಾಕಿ ಎಂದರಂತೆ ಎಂಬ ಮಾತು ರಾಜ್ಯದ ತುಂಬ ಹಬ್ಬಿತು. ಆ ಶಾಸಕರು ತಾವು ಹಾಗೆ ಹೇಳಲೇ ಇಲ್ಲ ಎಂದರು. ರೈತರು ನಂಬಿದ್ದು ಹಬ್ಬಿದ ಮಾತನ್ನು. ತರಗತಿಯಲ್ಲಿ ಇದನ್ನು ಹೀಗೆಯೇ ಹೇಳಬೇಕು. ಮತದಾರರ ಒಪ್ಪಿಗೆ, ಶಾಸನಸಭೆಯ ನಿರಾಕರಣೆ ದಾಖಲೆಯಲ್ಲಿವೆ. ಹಂದಿಯ ಮಾತು ವಿವಾದದಲ್ಲಿದೆ. ವೀಕ್ಷಣೆ ಯಾವುದು, ಕೇಳಿದ ಮಾತು ಯಾವುದು ಎಂದು ಬೇರ್ಪಡಿಸುವುದನ್ನು ಪ್ರಯೋಗಶಾಲೆಯಲ್ಲಿ ಕಲಿಸುವ ನಾವು ಇಲ್ಲಿಯೂ ಕಲಿಸಬಹುದು.

ಒಕ್ಕೂಟ ಹೊಸ ಪಕ್ಷ ಕಟ್ಟಲಿಲ್ಲ. ಆ ರಾಜ್ಯದಲ್ಲಿ ಪಕ್ಷದ ಅಭ್ಯರ್ಥಿ ಯಾರೆಂಬುದನ್ನು ನಾಯಕರ ಬದಲು ಮತದಾರರೇ ಪ್ರಾಥಮಿಕ ಚುನಾವಣೆಯಲ್ಲಿ ಆರಿಸುತ್ತಿದ್ದರು. ಬಲಿಷ್ಠವಾದ ರಿಪಬ್ಲಿಕನ್ ಪಕ್ಷದ ಪ್ರಾಥಮಿಕ ಚುನಾವಣೆಗೇ ಒಕ್ಕೂಟ ತನ್ನವರನ್ನು ನಿಲ್ಲಿಸಿತು. ಗವರ್ನರ್ ಸ್ಥಾನಕ್ಕೆ ಆರಿಸಿದ ಫ್ರೇಜಿಯರ್, ಹೂಪಲ್ ಎಂಬ ಊರಿನ ಪದವೀಧರ ರೈತ, ರಾಜಕೀಯಕ್ಕೆ ಹೊಸಬರು. ಜೂನ್‌ನಲ್ಲಿ ಅವರು ಗೆದ್ದರು. ನಿಜವಾದ ಹೋರಾಟ ಅಲ್ಲಿಗೆ ಮುಗಿದಿತ್ತು. ನವೆಂಬರಿನ ಶೇ. 79 ಅದರ ನೆರಳು ಮಾತ್ರ. ಇನ್ನೂ ಒಂದು ಸ್ವಾರಸ್ಯವಿದೆ. ಖಜಾಂಚಿ ಸ್ಥಾನಕ್ಕೆ ಒಕ್ಕೂಟ ಬೆಂಬಲಿಸಿದ್ದು ಒಬ್ಬ ಡೆಮಾಕ್ರಟ್‌ನನ್ನು. ರಾಜ್ಯಮಟ್ಟದ ಹುದ್ದೆಗಳಲ್ಲಿ ಒಕ್ಕೂಟ ನವೆಂಬರಿನಲ್ಲಿ ಸೋತದ್ದು ಅಲ್ಲಿ. ಒಕ್ಕೂಟದ ಬಲ ಎಷ್ಟು, ಪಕ್ಷದ ಹೆಸರಿನ ಬಲ ಎಷ್ಟು ಎಂದು ಯೋಚಿಸಲು ಇದೊಂದು ಸುಳಿವು. ಒಂದೇ ಉದಾಹರಣೆಯಿಂದ ನಿಯಮ ಹೇಳಬಾರದು ಎಂಬುದನ್ನೂ ಜೊತೆಗೇ ಕಲಿಸಬೇಕು.

ಶೇಕಡಾ ಲೆಕ್ಕದಲ್ಲಿ ಛೇದ ಯಾವುದು ಎಂಬ ಪ್ರಶ್ನೆಯನ್ನು ನಾವು ಬೇಗ ದಾಟಿಬಿಡುತ್ತೇವೆ. ಶೇ. 79 ಎಂದರೆ ಯಾರಲ್ಲಿ 79? ಆ ರಾಜ್ಯದಲ್ಲಿ 1916ರಲ್ಲಿ ಹೆಂಗಸರು ಗವರ್ನರ್ ಸ್ಥಾನಕ್ಕೆ ಮತ ಹಾಕುವಂತಿರಲಿಲ್ಲ. ಅವರ ಮತದಾನದ ಹಕ್ಕಿನ ಪ್ರಸ್ತಾವವನ್ನು 1914ರಲ್ಲಿ ಗಂಡಸರ ಮತಗಳೇ ಸೋಲಿಸಿದ್ದವು. ಹೊಲದಲ್ಲಿ ಸಮಾನವಾಗಿ ದುಡಿದವರು ಛೇದದಲ್ಲಿ ಇಲ್ಲ. ಹುಡುಗಿಯರು ಅರ್ಧಕ್ಕಿಂತ ಹೆಚ್ಚು ಕುಳಿತ ತರಗತಿಯಲ್ಲಿ ಈ ಪ್ರಶ್ನೆಗೆ ಐದು ನಿಮಿಷ ಕೊಡದೆ ವೃತ್ತ ನಕ್ಷೆಗೆ ಬಣ್ಣ ತುಂಬಿಸುವುದು ಅನ್ಯಾಯ.

ವಿಜ್ಞಾನದ ಪಾತ್ರವನ್ನು ಹಿಗ್ಗಿಸಿ ಹೇಳುವ ಆಸೆ ನಮಗೆ ಇರುತ್ತದೆ. ಫಾರ್ಗೊ ನಗರದ ಕೃಷಿ ಕಾಲೇಜಿನ ರಸಾಯನಶಾಸ್ತ್ರಜ್ಞ ಎಡ್ವಿನ್ ಲ್ಯಾಡ್ ಅವರು, ತುಕ್ಕುರೋಗ ಬಡಿದು ಜೊಳ್ಳಾದ 1916ರ ಗೋಧಿಯನ್ನು ಬೀಸಿ, ಹಿಟ್ಟಿನಿಂದ ಬ್ರೆಡ್ ಮಾಡಿ ಪರೀಕ್ಷಿಸಿದರು. ದನದ ಮೇವಿನ ದರ್ಜೆ ಎಂದು ಅಗ್ಗಕ್ಕೆ ಕೊಂಡ ಗೋಧಿಯಲ್ಲಿ ಪ್ರೋಟೀನ್ ಚೆನ್ನಾಗಿತ್ತು, ಬ್ರೆಡ್ಡೂ ಚೆನ್ನಾಗಿ ಬಂತು. ಆದರೆ ಈ ಫಲಿತಾಂಶ ಹೊರಬಿದ್ದದ್ದು ಚುನಾವಣೆಯ ನಂತರ. ಆದ್ದರಿಂದ ಪ್ರಯೋಗಶಾಲೆ ಚುನಾವಣೆ ಗೆಲ್ಲಿಸಿತು ಎನ್ನುವಂತಿಲ್ಲ. ಕಾರಣ ಪರಿಣಾಮಕ್ಕಿಂತ ಮುಂಚೆ ಬರಬೇಕು. ರೈತರಿಗೆ ಅನುಭವದಿಂದ ಗೊತ್ತಿದ್ದುದನ್ನು ಪರೀಕ್ಷೆ ಆಮೇಲೆ ದೃಢಪಡಿಸಿತು. 1917ರ ಧಾನ್ಯ ದರ್ಜೆ ಕಾನೂನಿನ ಜಾರಿಗೆ ಅದು ನೆರವಾಯಿತು. ಅದರ ಮುಂದಿನ 1919ರ ಧಾನ್ಯ ದರ್ಜೆ ಕಾನೂನನ್ನು ಅಮೆರಿಕದ ಸುಪ್ರೀಂ ಕೋರ್ಟ್ 1922ರಲ್ಲಿ ರದ್ದುಗೊಳಿಸಿತು: ರಾಜ್ಯಗಳ ನಡುವಿನ ವ್ಯಾಪಾರ ಒಂದು ರಾಜ್ಯದ ಅಧಿಕಾರಕ್ಕೆ ಸೇರಿದ್ದಲ್ಲ.

ಇದೆಲ್ಲ ದೂರದ, ಹಳೆಯ ಸಂಗತಿ, ನಮ್ಮ ಮಕ್ಕಳಿಗೆ ಯಾಕೆ ಎಂಬ ಆಕ್ಷೇಪ ಬರುತ್ತದೆ. ದೂರವಿರುವುದೇ ಅದರ ಉಪಯೋಗ ಎಂಬುದು ನನ್ನ ಉತ್ತರ. ನಮ್ಮೂರಿನ ಚುನಾವಣೆಯನ್ನು ಕಪ್ಪುಹಲಗೆಯ ಮೇಲೆ ಬರೆದ ಕೂಡಲೇ ಪ್ರತಿ ಬೆಂಚಿಗೂ ಒಂದೊಂದು ಪಕ್ಷ ಹುಟ್ಟುತ್ತದೆ. ಅಂಕಿಗಳನ್ನು ನೋಡುವ ಬದಲು ಅಪ್ಪ ಯಾರ ಕಡೆ ಎಂದು ಮಕ್ಕಳು ನೋಡುತ್ತಾರೆ. ಶಿಕ್ಷಕರ ಪಕ್ಷಪಾತದ ಬಗ್ಗೆ ದೂರೂ ಬರಬಹುದು. ಟೌನ್ಲಿಯ ಪರವಾಗಿಯೋ ವಿರುದ್ಧವಾಗಿಯೋ ವಾದಿಸುವ ಮಗುವಿಗೆ ಮನೆಯಲ್ಲಿ ಯಾರಿಗೂ ಉತ್ತರ ಹೇಳಬೇಕಾಗಿಲ್ಲ. ಅಲ್ಲಿ ಕಲಿತ ಪ್ರಶ್ನೆಗಳನ್ನು ಊರಿನ ಮೇಲೆ ಪ್ರಯೋಗಿಸುವುದು ಮುಂದೆ ಅವರಿಗೇ ಬಿಟ್ಟದ್ದು.

ಹಾಗೆಂದು ಒಕ್ಕೂಟವನ್ನು ಕಥಾನಾಯಕ ಮಾಡಿ ಪಾಠ ಮುಗಿಸಬಾರದು. 1919ರಲ್ಲಿ ರಾಜ್ಯದ ಬ್ಯಾಂಕ್ ತೆರೆಯಿತು, 1922ರಲ್ಲಿ ಗ್ರಾಂಡ್ ಫೋರ್ಕ್ಸ್‌ನಲ್ಲಿ ರಾಜ್ಯದ ಹಿಟ್ಟಿನ ಗಿರಣಿ ಶುರುವಾಯಿತು. ಎರಡೂ ಇಂದಿಗೂ ನಡೆಯುತ್ತಿವೆ. ಆದರೆ ಚುನಾಯಿತರಲ್ಲದ ಟೌನ್ಲಿಯ ಕೈಯಲ್ಲಿ ಅಧಿಕಾರ ಸೇರಿಕೊಂಡಿದೆ ಎಂಬ ವಿರೋಧಿಗಳ ಟೀಕೆ ಹುರುಳಿಲ್ಲದ್ದಲ್ಲ. 1921ರ ಅಕ್ಟೋಬರಿನಲ್ಲಿ ಮತದಾರರು ಫ್ರೇಜಿಯರ್ ಅವರನ್ನು ಅವಧಿಯ ನಡುವೆಯೇ ಅಧಿಕಾರದಿಂದ ಇಳಿಸಿದರು. ಅಮೆರಿಕದಲ್ಲಿ ಹೀಗೆ ಮತದಾರರು ಇಳಿಸಿದ ಮೊದಲ ಗವರ್ನರ್ ಅವರು. ಅದೇ ದಿನ ರಾಜ್ಯದ ಬ್ಯಾಂಕನ್ನು ಮುಚ್ಚುವ ಪ್ರಸ್ತಾವವನ್ನೂ ಮತದಾರರು ತಿರಸ್ಕರಿಸಿದರು. ವ್ಯಕ್ತಿ ಬೇಡ, ಸಂಸ್ಥೆ ಇರಲಿ ಎಂಬ ಈ ತೀರ್ಪು ಪಕ್ಷಗಳ ಹೆಸರಿನ ಕೋಷ್ಟಕದಲ್ಲಿ ಹಿಡಿಯುವುದಿಲ್ಲ.

ಎರಡು ಪಿರಿಯಡ್ ಸಾಕು. ಮೊದಲನೆಯದರಲ್ಲಿ ಗಣಿತ ಪ್ರಶಿಕ್ಷಣಾರ್ಥಿ ಕೋಷ್ಟಕ, ಶೇಕಡಾ, ಸರಾಸರಿ ಮಾಡಿಸಲಿ. ಒಂದು ಲೋಟ ಗಟ್ಟಿ ಕಾಳು, ಒಂದು ಲೋಟ ಜೊಳ್ಳು ಕಾಳು ತೂಗಿಸಲಿ. ಎರಡನೆಯದರಲ್ಲಿ ಸಮಾಜ ವಿಜ್ಞಾನದವರು ಉಳಿದ ಕಥೆ ಹೇಳಲಿ. ಮೌಲ್ಯಮಾಪನಕ್ಕೆ ಗೆದ್ದವರ ಹೆಸರು ಕೇಳುವುದು ಬೇಡ. ಈ ಒಂದು ಪ್ರಶ್ನೆ ಕೊಡೋಣ: ಈ ಫಲಿತಾಂಶ ಸರಿಯಾಗಿ ಅರ್ಥವಾಗಬೇಕಾದರೆ ಕೋಷ್ಟಕಕ್ಕೆ ಇನ್ನೂ ಯಾವ ಎರಡು ಸಾಲು ಸೇರಿಸಬೇಕು, ಯಾಕೆ?