ಔಷಧಿ ಅಂಗಡಿಯೇ ನಮ್ಮ ವಿಶ್ವವಿದ್ಯಾಲಯವೆ?



ತೋಟದಲ್ಲಿ ಗಿಡ ಹಳದಿ ತಿರುಗಿ ಬಾಡತೊಡಗಿದರೆ ನಾವು ಮೊದಲು ಓಡುವುದು ಎಲ್ಲಿಗೆ? ಬಾಳೆಹೊನ್ನೂರಿಗಲ್ಲ, ಮೂಡಿಗೆರೆಯ ಸಂಶೋಧನಾ ಕೇಂದ್ರಕ್ಕೂ ಅಲ್ಲ. ಪೇಟೆಯ ಗೊಬ್ಬರದ ಅಂಗಡಿಗೆ. ಎಲೆಯೊಂದನ್ನು ಕಿತ್ತು ಜೇಬಿನಲ್ಲಿಟ್ಟುಕೊಂಡು ಹೋಗುತ್ತೇವೆ. ಅಂಗಡಿಯವನು ಅದನ್ನು ಒಂದು ಸಲ ಬೆಳಕಿಗೆ ಹಿಡಿದು ನೋಡಿ, "ಇದನ್ನ ಹೊಡೀರಿ ಗೌಡ್ರೆ, ಜೊತೆಗೆ ಇದನ್ನೂ ಒಂದು ಹಾಕಿ" ಅಂತ ಎರಡು ಡಬ್ಬಿ ಎತ್ತಿಡುತ್ತಾನೆ. ದುಡ್ಡು ಕೊಯ್ಲಿನ ಮೇಲೆ ಕೊಡಿ ಅನ್ನುತ್ತಾನೆ. ಅಲ್ಲಿಗೆ ಪಾಠ ಮುಗಿಯಿತು, ಸಾಲ ಶುರುವಾಯಿತು.

ಅಂಗಡಿಯವನನ್ನು ಬೈದು ಪ್ರಯೋಜನವಿಲ್ಲ. ಅವನು ಮಾರುವುದಕ್ಕೆ ಕೂತವನು, ಮಾರುತ್ತಾನೆ. ನಾವು ಕೇಳಬೇಕಾದ ಪ್ರಶ್ನೆ ಬೇರೆ. ವಿಜ್ಞಾನ ಎಂಬುದು ನೂರು ವರ್ಷದಿಂದ ನಮ್ಮ ಮಗ್ಗುಲಲ್ಲೇ ಕೂತಿದೆ. ಬಾಳೆಹೊನ್ನೂರಿನಲ್ಲಿ ಕಾಫಿ ಪ್ರಯೋಗ ಕೇಂದ್ರ ಶುರುವಾದದ್ದು 1925ರಲ್ಲಿ. ಮೊದಲು ಮೈಸೂರು ಸಂಸ್ಥಾನದ ಬೊಕ್ಕಸದಿಂದ ನಡೆಯಿತು, ಆಮೇಲೆ ಕಾಫಿ ಬೋರ್ಡಿಗೆ ಸೇರಿತು. ಬೊಕ್ಕಸ ಅಂದರೆ ರೈತನ ಕಂದಾಯ. ಬೋರ್ಡು ಅಂದರೆ 1942ರ ಕಾಯಿದೆಯಿಂದ ನಮ್ಮ ಕಾಫಿಯ ಮೇಲೆ ಬಿದ್ದ ಸುಂಕ. ಹೀಗಿರುವಾಗ, ನಮ್ಮ ದುಡ್ಡಿನಿಂದ ಹುಟ್ಟಿದ ತಿಳುವಳಿಕೆ ನಮ್ಮ ಹತ್ತಿರ ಬರುವಾಗ ಡಬ್ಬಿ ಮಾರುವವನ ಬಾಯಿಂದ ಯಾಕೆ ಬರಬೇಕು?

ಅಲ್ಲಿ ಕೆಲಸ ಆಗಿಲ್ಲ ಅಂತ ಹೇಳುವ ಕೃತಘ್ನತೆ ನಮಗೆ ಬೇಡ. ಎಸ್. 795 ಎಂಬ ತಳಿ 1940ರ ದಶಕದಲ್ಲಿ ಅಲ್ಲಿಂದ ಬಂದದ್ದು, ಇವತ್ತಿಗೂ ನಮ್ಮ ಅರೇಬಿಕಾ ತೋಟಗಳಲ್ಲಿ ಬಹಳಷ್ಟು ಅದೇ ನಿಂತಿದೆ. ಕೆಲಸ ಆಗಿದೆ. ಆಗಿರುವ ಕೆಲಸ ಬೇಲಿ ದಾಟಿ ಬರುತ್ತಿಲ್ಲ, ನಮ್ಮ ತಕರಾರು ಅದು.

ಹಿಂದೆ ಬಂದಿತ್ತು ಎಂಬುದಕ್ಕೆ ಸಾಕ್ಷಿ ನಮ್ಮ ಅಡಿಕೆ ತೋಟದಲ್ಲೇ ಇದೆ. ಕೆನಡಾ ದೇಶದ ಲೆಸ್ಲಿ ಕೋಲ್ಮನ್ 1908ರಲ್ಲಿ ಮೈಸೂರು ಸಂಸ್ಥಾನದ ನೌಕರಿಗೆ ಬಂದವರು. ಮಲೆನಾಡಿನ ಅಡಿಕೆಗೆ ಕೊಳೆರೋಗ ತರುವುದು ಒಂದು ಶಿಲೀಂಧ್ರ ಅಂತ ತೋರಿಸಿದರು, ಅದಕ್ಕೆ ಮೈಲುತುತ್ತ ಮತ್ತು ಸುಣ್ಣದ ಬೋರ್ಡೋ ದ್ರಾವಣ ಹೊಡೆಯಬೇಕು ಅಂದರು. ಅದಕ್ಕೆ ಮೊದಲು ನಮ್ಮ ಹಿರಿಯರು ಕೊನೆಗಳಿಗೆ ಕೊಟ್ಟೆ ಕಟ್ಟಿ ಮಳೆಯಿಂದ ಕಾಪಾಡುತ್ತಿದ್ದರು, ಅದೂ ದಡ್ಡ ಉಪಾಯವೇನಲ್ಲ. ಇವತ್ತು ನೋಡಿ, ಬೋರ್ಡೋ ಅಂದರೆ ಏನು ಅಂತ ಮಲೆನಾಡಿನ ಯಾವ ಕೊನೆಗಾರನಿಗೂ ಹೇಳಿಕೊಡಬೇಕಾಗಿಲ್ಲ. ನೂರು ಲೀಟರಿಗೆ ಒಂದು ಕಿಲೋ ತುತ್ತ, ಒಂದು ಕಿಲೋ ಸುಣ್ಣ. ಕಲಸಿದ ಮೇಲೆ ಉಜ್ಜಿದ ಕತ್ತಿಯನ್ನು ಅದ್ದಿ ನೋಡಬೇಕು, ಕತ್ತಿಗೆ ತಾಮ್ರದ ಕೆಂಪು ಹತ್ತಿದರೆ ಸುಣ್ಣ ಸಾಲದು, ಇನ್ನೂ ಹಾಕಬೇಕು. ಇಡೀ ರಸಾಯನಶಾಸ್ತ್ರ ಒಂದು ಕತ್ತಿಯ ಅಲಗಿಗೆ ಇಳಿದಿದೆ! ಓದು ಬಾರದವನೂ ತನ್ನ ಕಣ್ಣಿಂದಲೇ ಸರಿ ತಪ್ಪು ನೋಡಿಕೊಳ್ಳಬಲ್ಲ. ವಿಜ್ಞಾನವನ್ನು ಜನರಿಗೆ ಮುಟ್ಟಿಸುವುದು ಅಂದರೆ ಇದು. ಐಷಾರಾಮಿ ಹೋಟೆಲಿನಲ್ಲಿ ವಿಚಾರಗೋಷ್ಠಿ ಮಾಡಿ, ಊಟದ ಕೂಪನ್ ಹಂಚಿ ಕಳಿಸುವುದಲ್ಲ.

ಈಗ ಅರೇಬಿಕಾದ ಬೋರರ್ ಹುಳುವಿಗೆ ಬನ್ನಿ. ಪುಸ್ತಕದಲ್ಲಿ ಅದಕ್ಕೆ ಬಿಳಿ ಕಾಂಡಕೊರಕ ಅಂತ ಹೆಸರು. ಇದರ ದುಂಬಿ ವರ್ಷಕ್ಕೆ ಎರಡು ಸಲ ಹೊರಬಂದು ಹಾರುತ್ತದೆ, ಏಪ್ರಿಲ್-ಮೇ ತಿಂಗಳಲ್ಲಿ ಒಮ್ಮೆ, ಅಕ್ಟೋಬರಿನಿಂದ ಡಿಸೆಂಬರಿನ ತನಕ ಇನ್ನೊಮ್ಮೆ. ಬಿಸಿಲು ಬೀಳುವ ಕಾಂಡ ಕಂಡರೆ ಅದಕ್ಕೆ ಹಬ್ಬ. ತೊಗಟೆಯ ಬಿರುಕಿನಲ್ಲಿ ಮೊಟ್ಟೆ ಇಡುತ್ತದೆ, ಮರಿಹುಳು ಮೊದಲು ತೊಗಟೆಯ ಅಡಿಯಲ್ಲಿ ತಿಂದುಕೊಂಡಿದ್ದು ಆಮೇಲೆ ಮರದ ಒಳಕ್ಕೆ ಕೊರೆಯುತ್ತದೆ. ಒಳಗೆ ಹೋದ ಹುಳುವಿಗೆ ಹೊರಗಿಂದ ಎಂಥ ವಿಷ ಹೊಡೆದರೂ ತಾಗುವುದಿಲ್ಲ. ಇಷ್ಟು ಸಂಗತಿ ಗೊತ್ತಾದರೆ ಉಳಿದದ್ದನ್ನು ನಮ್ಮ ತಲೆಯೇ ಯೋಚಿಸುತ್ತದೆ. ಹಾರಾಟಕ್ಕೆ ಮುಂಚೆ, ಅಂದರೆ ಮಾರ್ಚ್‌ನಲ್ಲೂ ಸೆಪ್ಟೆಂಬರ್‌ನಲ್ಲೂ ಹುಳು ಬಿದ್ದ ಗಿಡ ಹುಡುಕಿ ಕಿತ್ತು ಸುಡಬೇಕು. ಕಾಂಡದ ಸಡಿಲ ತೊಗಟೆ ಉಜ್ಜಿ ನಯ ಮಾಡಬೇಕು. ನೂರು ಲೀಟರ್ ನೀರಿಗೆ ಹತ್ತು ಕಿಲೋ ಸುಣ್ಣ ಕಲಸಿ ಕಾಂಡಕ್ಕೆ ಕೊಡಬೇಕು. ಮರಗಸಿ ಮಾಡುವಾಗ ನೆರಳನ್ನು ಬೋಳಿಸಿಬಿಡಬಾರದು. ಇದರಲ್ಲಿ ದುಬಾರಿಯಾದದ್ದು ಆಳಿನ ಕೂಲಿ ಒಂದೇ.

ಆದರೆ ನಡೆಯುವುದೇನು? ಜನವರಿಯಲ್ಲಿ ಗಿಡ ಬಾಡಿದ್ದು ಕಣ್ಣಿಗೆ ಬೀಳುತ್ತದೆ, ಗಾಬರಿಯಲ್ಲಿ ಡಬ್ಬಿ ಬರುತ್ತದೆ, ಹುಳು ಒಳಗೆ ಸುಖವಾಗಿರುತ್ತದೆ. ಹತ್ತಿರದ ತೋಟದವನು ಕಿತ್ತ ಗಿಡವನ್ನು ಸುಡದೆ ಸೌದೆಗೆ ಅಂತ ರಾಶಿ ಹಾಕುತ್ತಾನೆ, ಅಲ್ಲಿಂದ ದುಂಬಿ ಎದ್ದು ಇಡೀ ಊರಿಗೆ ಬರುತ್ತದೆ. ಎರಡು ಮೂರು ಎಕರೆಯವನ ತೋಟ ಹೀಗೆ ಬೋಳಾದರೆ ಬ್ಯಾಂಕಿನ ಕಂತು ತಪ್ಪುತ್ತದೆ. ಕಂತು ತಪ್ಪಿದರೆ 2002ರ ಸರ್ಫೇಸಿ ಕಾಯಿದೆಯ ನೋಟಿಸು ಬಾಗಿಲಿಗೆ ಬರುತ್ತದೆ. ಬೇಸಾಯದ ಜಮೀನಿಗಿರುವ ವಿನಾಯಿತಿ ಕಾಫಿ ತೋಟಕ್ಕಿಲ್ಲ ಅನ್ನುತ್ತಾರೆ. ಆ ಅನ್ಯಾಯದ ವಿರುದ್ಧ ಹೋರಾಟ ಬೇರೆ ನಡೆಯಬೇಕು. ಆದರೆ ಆ ನೋಟಿಸಿನ ಹಿಂದೆ ಸೆಪ್ಟೆಂಬರಿನಲ್ಲಿ ಕಿವಿಗೆ ಬೀಳದೆ ಹೋದ ನಾಲ್ಕು ಮಾತೂ ಇದೆ ಎಂಬುದನ್ನು ಮರೆಯಬೇಡಿ.

ಹೇಳುವವರು ಅರ್ಧ ಹೇಳಿದರೂ ನಷ್ಟ ನಮಗೇ. 1985ರಲ್ಲಿ ಕಾವೇರಿ ತಳಿ ಬಂತು. ಗಿಡ ಗಿಡ್ಡ, ಫಸಲು ಬೇಗ, ಎಲೆತುಕ್ಕು ರೋಗ ಬರುವುದಿಲ್ಲ ಅಂತ ಪ್ರಚಾರವಾಯಿತು, ಜನ ಮುಗಿಬಿದ್ದು ಹಾಕಿದರು. ಕೆಲವೇ ವರ್ಷದಲ್ಲಿ ಅದಕ್ಕೂ ತುಕ್ಕು ಬಂತು, ಬೋರರೂ ಬಂತು. ತುಕ್ಕಿನ ಶಿಲೀಂಧ್ರ ತನ್ನ ಜಾತಿ ಬದಲಿಸಿಕೊಳ್ಳುತ್ತಾ ಹೋಗುತ್ತದೆ, ಇವತ್ತು ತಡೆಯುವ ಗಿಡ ನಾಳೆ ತಡೆಯದೆ ಇರಬಹುದು ಎಂಬುದು ವಿಜ್ಞಾನಿಗಳಿಗೆ ಹೊಸ ಸಂಗತಿಯೇ? ಅದನ್ನು ಮೊದಲೇ ಹೇಳಿದ್ದರೆ ರೈತ ಇಡೀ ತೋಟ ಕಿತ್ತು ಹಾಕದೆ ಒಂದು ಮೂಲೆಯಲ್ಲಿ ನೆಟ್ಟು ನೋಡುತ್ತಿದ್ದ. ಅನುಮಾನವಿದ್ದರೆ ಅನುಮಾನವನ್ನೂ ಹೇಳಿ ಸ್ವಾಮಿ, ನಾವು ಮಳೆಯನ್ನೇ ನಂಬಿ ಬದುಕಿದ ಜನ, ಅನುಮಾನಕ್ಕೆ ಹೆದರುವವರಲ್ಲ.

ವಿಷದ ವಿಚಾರವೂ ಹೀಗೇ. ಬೋರರಿಗೆ ಲಿಂಡೇನ್ ಅಂತ ದಶಕಗಟ್ಟಲೆ ಶಿಫಾರಸು ಇತ್ತು. ದೇಶದಲ್ಲಿ ಅದರ ತಯಾರಿಕೆ 2011ರಲ್ಲಿ, ಬಳಕೆ 2013ರಲ್ಲಿ ನಿಷೇಧವಾಯಿತು. ಅದನ್ನು ಬರಿಗೈಯಲ್ಲಿ ಬಳಿದ ಆಳುಗಳಿಗೆ ಯಾಕೆ ನಿಷೇಧವಾಯಿತು ಅಂತ ವಿವರಿಸಿದವರು ಎಷ್ಟು ಜನ? ಗಡಿಯಾಚೆ ಕಾಸರಗೋಡಿನ ಎಣ್ಮಕಜೆ ಕಡೆ ಗೇರು ತೋಟಗಳಿಗೆ 2000ದ ತನಕ ಆಕಾಶದಿಂದ ಎಂಡೋಸಲ್ಫಾನ್ ಸುರಿದರು. ಅಲ್ಲಿ ಏನೋ ಕೆಟ್ಟಿದೆ ಅಂತ ಮೊದಲು ಕೂಗಿದವರು ಹಳ್ಳಿಯ ಒಬ್ಬ ವೈದ್ಯರು, ಕೃಷಿಕರೇ ಆದ ಒಬ್ಬ ಪತ್ರಕರ್ತರು. ಸುಪ್ರೀಂ ಕೋರ್ಟು ದೇಶಕ್ಕೇ ತಡೆ ಹಾಕಿದ್ದು 2011ರಲ್ಲಿ. ನೋಡುವ ಕಣ್ಣು ಪ್ರಯೋಗಶಾಲೆಯ ಸ್ವತ್ತಲ್ಲ.

ನಮ್ಮ ಜಿಲ್ಲೆಯಲ್ಲೂ ಹಾಗೆ ನೋಡಿದವರಿದ್ದಾರೆ. 1911ರಲ್ಲಿ ಕೆಂಟ್ ಎಂಬ ಪ್ಲಾಂಟರು ತನ್ನ ದೊಡ್ಡೇನಗುಡ್ಡ ತೋಟದಲ್ಲಿ ತುಕ್ಕು ಹಿಡಿದ ಗಿಡಗಳ ನಡುವೆ ಚೆನ್ನಾಗಿ ನಿಂತ ಒಂದು ಗಿಡ ನೋಡಿ ಬೀಜ ಮಾಡಿಟ್ಟ. ಆ ಕೆಂಟ್ಸ್ ತಳಿ ಆಫ್ರಿಕಾಕ್ಕೂ ಹೋಯಿತು, ಎಸ್. 795ರ ಹುಟ್ಟಿನಲ್ಲೂ ಸೇರಿತು. ಆಮೇಲೆ ಮೂಡಿಗೆರೆಯಲ್ಲಿ ಕಾಫಿ ಬೆಳೆಯುತ್ತಲೇ ಪೂರ್ಣಚಂದ್ರ ತೇಜಸ್ವಿಯವರು ಹುಳ, ಹಕ್ಕಿ, ಕಾಡಿನ ವಿಜ್ಞಾನವನ್ನು ನಮ್ಮ ಮಾತಿನಲ್ಲಿ ಬರೆದರು. 1980ರ 'ಕರ್ವಾಲೊ' ಕಾದಂಬರಿಯಲ್ಲಿ ದೊಡ್ಡ ವಿಜ್ಞಾನಿಗೆ ಹಾರುವ ಓತಿಯ ದಾರಿ ತೋರಿಸುವವನು ಜೇನು ಹಿಡಿಯುವ ಮಂದಣ್ಣ. ನಮ್ಮಲ್ಲಿ ಎಷ್ಟೋ ಜನ ಅದನ್ನು ತಮಾಷೆಯ ಕತೆ ಅಂತ ಓದಿ ನಕ್ಕು ಬಿಟ್ಟರು. ಅದರಲ್ಲಿದ್ದ ಸಂಬಂಧ, ಅಂದರೆ ವಿಜ್ಞಾನಿ ಹಳ್ಳಿಯವನ ಜೊತೆ ಕೂತು ಮಾತಾಡುವುದು, ತಮಾಷೆಯದಲ್ಲ. ಪುತ್ತೂರಿನ 'ಅಡಿಕೆ ಪತ್ರಿಕೆ' 1988ರಲ್ಲಿ ರೈತನ ಕೈಗೇ ಲೇಖನಿ ಕೊಟ್ಟದ್ದೂ ಇದೇ ನಂಬಿಕೆಯಿಂದ.

ಬೆಲೆಗೂ ಇದಕ್ಕೂ ಏನು ಸಂಬಂಧ ಅಂತ ಕೇಳಬಹುದು. 1975ರ ಜುಲೈಯಲ್ಲಿ ಬ್ರೆಜಿಲ್ ದೇಶದಲ್ಲಿ ಹಿಮ ಬಿದ್ದು ಕಾಫಿ ಸುಟ್ಟುಹೋಯಿತು, ಲೋಕದಲ್ಲೆಲ್ಲ ಬೆಲೆ ಏರಿತು. ಆಗ ನಮ್ಮ ಕಾಫಿ ಪೂಲಿಗೆ ಹೋಗುತ್ತಿತ್ತು, ಮಾರುವ ತಲೆನೋವು ಬೋರ್ಡಿನದು. 1996ರಿಂದ ಪೂರಾ ಮುಕ್ತ ಮಾರಾಟ, ಯಾವತ್ತು ಮಾರಬೇಕು ಎಂಬುದು ನಮ್ಮ ತೀರ್ಮಾನ. 2024ರಲ್ಲಿ ವಿಯೆಟ್ನಾಂ, ಬ್ರೆಜಿಲ್‌ಗಳ ಬರದ ಸುದ್ದಿ ವ್ಯಾಪಾರಿಗೆ ಮೊದಲು ಗೊತ್ತು, ಸಾಲಕ್ಕಾಗಿ ಕಣದಲ್ಲೇ ಚೆರ್ರಿ ತೂಗಿ ಕೊಟ್ಟವನಿಗೆ ಆಮೇಲೆ ಗೊತ್ತು. ಹವಾಮಾನದ ವಿಜ್ಞಾನ ಈಗ ನೇರವಾಗಿ ಚೀಲದ ಬೆಲೆ.

ಕಳಸ, ಸಂಸೆ, ಹೊರನಾಡು ಕಡೆಯ ಅಡಿಕೆಗೆ ಎಲೆಚುಕ್ಕಿ ರೋಗ ಬಿದ್ದು 2022ರಲ್ಲಿ ತೋಟಗಳು ಸುಟ್ಟಂತಾದವು. ತಜ್ಞರ ತಂಡಗಳು ಬಂದು ನೋಡಿಹೋದವು. ಒಬ್ಬ ಹೊಡೆದು ಪಕ್ಕದವನು ಬಿಟ್ಟರೆ ರೋಗ ನಿಲ್ಲುವುದಿಲ್ಲ, ಊರೆಲ್ಲ ಒಟ್ಟಿಗೆ ಮಾಡಬೇಕಾದ ಕೆಲಸ ಅದು. ಊರನ್ನು ಒಟ್ಟು ಸೇರಿಸಿ ಹೇಳುವವರಿಲ್ಲದೆ, ಮೊಬೈಲಿನಲ್ಲಿ ದಿನಕ್ಕೊಂದು ಔಷಧಿಯ ಹೆಸರು ಓಡಾಡಿತು.

ಆದ್ದರಿಂದ ನಮ್ಮ ಬೇಡಿಕೆ ಸ್ಪಷ್ಟವಿರಲಿ. ತಜ್ಞರು ನಮ್ಮ ತೋಟ ನೋಡಿ ಬರೆದ ವರದಿ ಕನ್ನಡದಲ್ಲಿ ನಮ್ಮ ಪಂಚಾಯಿತಿಗೂ ಬರಬೇಕು. ಸಲಹೆ ಕಾಲಕ್ಕೆ ಒಂದು ತಿಂಗಳು ಮೊದಲು ಬರಬೇಕು, ಎಕರೆಗೆ ಖರ್ಚೆಷ್ಟು ಅಂತಲೂ ಅದರಲ್ಲಿರಬೇಕು. ಪ್ರಯೋಗದ ತಾಕು ಸಣ್ಣ ಹಿಡುವಳಿದಾರನ ತೋಟದಲ್ಲೂ ಇರಬೇಕು. ಮಣ್ಣು ಪರೀಕ್ಷೆಯ ಚೀಟಿ ಕೊಟ್ಟರೆ ಸಾಲದು, ಅದರಲ್ಲಿನ ಅಂಕಿ ನೋಡಿ ಯಾವ ಗೊಬ್ಬರ ಬಿಡಬಹುದು ಅಂತ ಹೇಳಬೇಕು. ಹಾಕು ಅನ್ನುವವರು ಬೇಕಾದಷ್ಟು ಜನ ಇದ್ದಾರೆ. ಕಂಪನಿಯ ಖರ್ಚಿನಲ್ಲಿ ರೈತ ಸಭೆ ಆದರೆ ಕಂಪನಿಯದು ಅಂತ ಬಾಗಿಲಲ್ಲೇ ಬರೆಯಲಿ.

ನಾವೂ ಬರಿಗೈಯಲ್ಲಿ ಹೋಗುವುದು ಬೇಡ. ನಮ್ಮಲ್ಲಿ ಮಳೆಮಾಪಕ ಇಟ್ಟು ಹೂಮಳೆ ಎಷ್ಟು ಇಂಚು, ಎಷ್ಟು ಸೆಂಟು ಅಂತ ತಾತನ ಕಾಲದಿಂದ ಬರೆದ ಪುಸ್ತಕಗಳಿರುವ ಮನೆಗಳು ಬಹಳ ಇವೆ. ಬೆಲೆ ಕಟ್ಟಲಾಗದ ದಾಖಲೆ ಅವು. ಪ್ರತಿ ಗ್ರಾಮ ಘಟಕವೂ ಆಗಸ್ಟ್ ಕೊನೆಯೊಳಗೆ ಒಂದು ಸಭೆ ಕರೆದು ವಿಜ್ಞಾನಿಗಳನ್ನು ಶಾಲೆಯ ಜಗಲಿಗೆ ಕರೆಸಲಿ. ಆ ಪುಸ್ತಕಗಳನ್ನು, ಹುಳು ಬಿದ್ದ ಒಂದು ಕಾಂಡವನ್ನು ಸೀಳಿ ಅವರ ಮುಂದಿಡಲಿ. ಆಳುಗಳನ್ನೂ ಸಭೆಗೆ ಕರೆಯಿರಿ, ಸೆಪ್ಟೆಂಬರಿನಲ್ಲಿ ಗಿಡ ಹುಡುಕುವವರು ಅವರೇ.