ರತ್ನಾಜಿ ಒಬ್ಬಳದೇ ತಪ್ಪಾ?

ಯುದ್ಧದ ನಡುವೆ ಕೂಡದ ಪ್ರೀತಿ, ಅದರಿಂದ ಹುಟ್ಟಿದ ಪಾಪದ ಭಾರ, ಯಾರು ಸರಿ ಯಾರು ತಪ್ಪು ಅಂತ ತಿಳಿಯದ ಕಥೆ. ಇಂಥದ್ದು ಬೇಕು ಅಂತ ಮೊಬೈಲಿನಲ್ಲಿ ಹುಡುಕಿದರೆ 'ಕಾಸಾಬ್ಲಾಂಕಾ', 'ದಿ ಇಂಗ್ಲಿಷ್ ಪೇಷಂಟ್' ಬರುತ್ತವೆ. ನೋಡಿ, ಬ್ಯಾಡ ಅನ್ನೋದಿಲ್ಲ. ಆದರೆ ನಾವು ಹೇಳೋದು ಕುಮಾರರಾಮನ ಬಯಲಾಟ.

ಕಥೆ ನಿಮಗೆ ಗೊತ್ತು. ಕಂಪಿಲರಾಯನ ಕಿರಿಯ ಹೆಂಡತಿ ರತ್ನಾಜಿ ಮಲಮಗ ರಾಮನ ಮೇಲೆ ಮನಸ್ಸಿಡುತ್ತಾಳೆ. ಅವನು ಒಲ್ಲೆ ಅಂದಾಗ ಗಂಡನ ಮುಂದೆ ಅವನ ಮೇಲೇ ಆರೋಪ ಹೊರಿಸುತ್ತಾಳೆ. ರಾಯ ವಿಚಾರಣೆಯನ್ನೂ ಮಾಡದೆ ಮಗನ ತಲೆ ಕಡಿಯಲು ಅಪ್ಪಣೆ ಕೊಡುತ್ತಾನೆ. ಮಂತ್ರಿ ಬೈಚಪ್ಪ ರಾಮನನ್ನು ಬಚ್ಚಿಟ್ಟು ಬೇರೆ ತಲೆ ತೋರಿಸುತ್ತಾನೆ. ಆ ತಲೆ ಯಾರದು? ಆಟ ಮುಗಿಯುವ ತನಕ ಯಾರೂ ಕೇಳೋದಿಲ್ಲ.

ನಮ್ಮ ತಕರಾರು ಇಲ್ಲೇ. ರಾಮ ಪರನಾರಿ ಸಹೋದರ, ರತ್ನಾಜಿ ಕೆಟ್ಟವಳು ಅಂತ ಎರಡು ಮಾತಿನಲ್ಲಿ ಮುಗಿಸಿ ನೇರ ಯುದ್ಧದ ಕುಣಿತಕ್ಕೆ ಬಂದುಬಿಡುತ್ತೇವೆ. ರತ್ನಾಜಿಯನ್ನು ಮೊದಲು ಮಗನಿಗೆ ನೋಡಿದ್ದರು, ಅಪ್ಪನೇ ಮದುವೆಯಾದ ಅಂತ ಹೇಳುವ ಪಾಠವೂ ಇದೆ. ಅದನ್ನು ಬಿಟ್ಟರೆ ಮುದುಕ ರಾಯನ ತಪ್ಪು ಪೂರ್ತಿ ಮುಚ್ಚಿಹೋಗುತ್ತದೆ. 2006ರಲ್ಲಿ ಶಿವರಾಜ್‌ಕುಮಾರ್ ಮಾಡಿದ 'ಗಂಡುಗಲಿ ಕುಮಾರರಾಮ' ಬಂತು. ಹೆಸರೇ ಹೇಳುತ್ತದೆ, ಎಲ್ಲ ಗಂಡುಗಲಿಯ ಲೆಕ್ಕ.

ಇತಿಹಾಸವಂತೂ ಇನ್ನೂ ಬಿಗಿ. ದಿಲ್ಲಿಯ ಮಹಮ್ಮದ್ ಬಿನ್ ತುಘಲಕ್ ಮೇಲೆ ಬಂಡೆದ್ದ ಸಂಬಂಧಿ ಗುರ್ಶಾಸ್ಪ್ ಓಡಿಬಂದು ಕಂಪಿಲನ ಆಸರೆ ಕೇಳಿದ. ಕಂಪಿಲ ಅವನನ್ನು ಒಪ್ಪಿಸಲಿಲ್ಲ. ಸುಮಾರು 1327ರಲ್ಲಿ ರಾಜ್ಯವೇ ಹೋಯಿತು. ಸೋಲು ಖಚಿತವಾದಾಗ ಅರಸನ ಮನೆಯ ಹೆಂಗಸರು ಬೆಂಕಿಗೆ ಹಾರಿದರು ಅಂತ ಪ್ರವಾಸಿ ಇಬ್ನ್ ಬತೂತ ಬರೆದಿದ್ದಾನೆ. ಗುರ್ಶಾಸ್ಪ್ ಮುಂದೆ ಹೊಯ್ಸಳ ಬಲ್ಲಾಳನ ಹತ್ತಿರ ಹೋದ. ಅವನು ಹಿಡಿದು ದಿಲ್ಲಿಗೆ ಒಪ್ಪಿಸಿದ, ಸುಲ್ತಾನ ಅವನ ಚರ್ಮ ಸುಲಿಸಿದ. ಮಾತು ಉಳಿಸಿಕೊಂಡವನ ಮನೆ ಸುಟ್ಟಿತು, ಬಿಟ್ಟುಕೊಟ್ಟವನ ನಾಡು ಆ ಹೊತ್ತಿಗೆ ಉಳಿಯಿತು. ಆ ಹೆಂಗಸರನ್ನು ಯಾರಾದರೂ ಒಂದು ಮಾತು ಕೇಳಿದ್ದರಾ? ಕಟ್ಟೆಯ ಮೇಲೆ ಕೂತು ಜಗಳಾಡಲು ಇದಕ್ಕಿಂತ ದೊಡ್ಡ ವಿಷಯ ಯಾವ ಸಿನಿಮಾದಲ್ಲಿದೆ?

ರಾಮ ಜೀವಂತ ಬಂದಾಗ ರತ್ನಾಜಿ ಪ್ರಾಣ ಬಿಡುತ್ತಾಳೆ. ಅಲ್ಲಿ ಒಂದು ಗಳಿಗೆ ಹಾರ್ಮೋನಿಯಂ ನಿಲ್ಲಿಸಿ, ಅವಳಿಗೆ ಮಾತು ಕೊಡಿ. ಹಿಂದಿನವರು ಪ್ರೇಕ್ಷಕರನ್ನು ಬೆಳತನಕ ಕೂರಿಸುತ್ತಿದ್ದರು. ಈಗ ಆರ್ಕೆಸ್ಟ್ರಾ ಬರಬೇಕು ಅಂತ ಎರಡು ತಾಸಿನಲ್ಲಿ ಮುಗಿಸು ಅನ್ನುವ ಕಮಿಟಿಯವರೇ, ಕತ್ತರಿ ಹಾಕುವಾಗ ಮೊದಲು ಹೆಂಗಸಿನ ಪಾತ್ರಕ್ಕೇ ಯಾಕೆ ಹಾಕುತ್ತೀರಿ? ಕುದುರೆ ಕುಣಿತ ಕಡಿಮೆ ಮಾಡಿ.

ನಮ್ಮ ಗೊಟಗೋಡಿಯಲ್ಲೇ ಜಾನಪದ ವಿಶ್ವವಿದ್ಯಾಲಯ ಇದೆ. ಬಯಲಾಟ ಅಲ್ಲಿ ಅಧ್ಯಯನದ ವಿಷಯ. ಶಿಗ್ಗಾಂವಿ, ಹಾನಗಲ್ಲ, ಸವಣೂರು, ಹಿರೇಕೆರೂರಿನ ಮಾಸ್ತರರನ್ನು ಕರೆದು, ಅವರ ಬಾಯಲ್ಲಿರುವ ರತ್ನಾಜಿಯ ಪಾಠಗಳನ್ನು ಒಂದೂ ಬಿಡದೆ ಬರೆಸಿಕೊಳ್ಳಲಿ. ಆಮೇಲೆ ಊರ ಹುಡುಗರ ಕೈಗೆ ಕೊಡಲಿ. ಮುಂದಿನ ಜಾತ್ರೆಗೆ ಆಟ ಗೊತ್ತು ಮಾಡುವಾಗ ನೀವೂ ಒಂದು ಮಾತು ಕೇಳಿ: ಮಾಸ್ತರ್, ರತ್ನಾಜಿ ಪದ ಎಷ್ಟು ಬಿಟ್ಟೀರಿ?