ಸ್ವಿಟ್ಜರ್ಲೆಂಡಿನ ಕೂಸಿಗೊಂದು ನ್ಯಾಯ, ನಮ್ಮ ಕೂಸಿಗೊಂದು ನ್ಯಾಯ



ಮಾರುವ ಕಂಪನಿ ಒಂದೇ, ಉಣ್ಣುವ ಶಿಶುವಿನ ವಯಸ್ಸೂ ಒಂದೇ. ಆದರೆ ಆ ಶಿಶು ಸ್ವಿಟ್ಜರ್ಲೆಂಡಿನಲ್ಲಿ ಹುಟ್ಟಿದ್ದರೆ ಅದರ ಬಟ್ಟಲಿನ ಹಿಟ್ಟಿಗೆ ಸಕ್ಕರೆ ಬೆರೆಯುತ್ತಿರಲಿಲ್ಲ, ನಮ್ಮಲ್ಲಿ ಹುಟ್ಟಿದ್ದರೆ ಬೆರೆಯುತ್ತಿತ್ತು. ಇದು ಗಾಳಿಮಾತಲ್ಲ. 2024ರ ಏಪ್ರಿಲ್ ತಿಂಗಳಿನಲ್ಲಿ ಸ್ವಿಟ್ಜರ್ಲೆಂಡಿನವರೇ ಆದ ಪಬ್ಲಿಕ್ ಐ ಸಂಸ್ಥೆಯವರೂ, ಶಿಶು ಆಹಾರದ ವಿಷಯದಲ್ಲಿ ದಶಕಗಳಿಂದ ಹೋರಾಡುತ್ತ ಬಂದಿರುವ ಇಬ್ಫಾನ್ ಜಾಲದವರೂ ಕೂಡಿ, ನೆಸ್ಲೆ ಕಂಪನಿಯು ನಾನಾ ದೇಶಗಳಲ್ಲಿ ಮಾರುತ್ತಿದ್ದ ಶಿಶು ಆಹಾರಗಳನ್ನು ಪರೀಕ್ಷೆಗೆ ಒಡ್ಡಿ, ಅದರ ಫಲಿತಾಂಶವನ್ನು ಲೋಕದ ಮುಂದಿಟ್ಟರು. ಭಾರತದ ಸೆರೆಲ್ಯಾಕ್ ಬಗೆಗಳಲ್ಲಿ ಮಗುವಿನ ಒಂದು ಹೊತ್ತಿನ ಊಟಕ್ಕೆ ಸರಾಸರಿ 2.7 ಗ್ರಾಂ ಬೆರೆಸಿದ ಸಕ್ಕರೆ. ಆರು ತಿಂಗಳ ಕೂಸಿಗೆಂದೇ ಮಾರುವ ಗೋಧಿಯ ಆಹಾರದಲ್ಲಿ ಇಥಿಯೋಪಿಯಾದಲ್ಲಿ 5 ಗ್ರಾಂಗೂ ಮಿಗಿಲು, ಥಾಯ್ಲೆಂಡಿನಲ್ಲಿ 6 ಗ್ರಾಂ. ಫಿಲಿಪೈನ್ಸಿನ ಒಂದು ಬಗೆಯಲ್ಲಿ 7.3 ಗ್ರಾಂ. ಅದೇ ಗೋಧಿಯ ಆಹಾರವು ಜರ್ಮನಿಯಲ್ಲಿ, ಬ್ರಿಟನ್ನಿನಲ್ಲಿ ಬೆರೆಸಿದ ಸಕ್ಕರೆಯಿಲ್ಲದೆ ಮಾರಾಟವಾಗುತ್ತಿತ್ತು. ಒಂದು ಕಣ್ಣಿಗೆ ಬೆಣ್ಣೆ, ಇನ್ನೊಂದು ಕಣ್ಣಿಗೆ ಸುಣ್ಣವೆಂಬ ಮಾತಿಗೆ ಇದಕ್ಕಿಂತ ದೊಡ್ಡ ನಿದರ್ಶನ ಬೇಕೆ?

ಆಗ ಗದ್ದಲವೆದ್ದಿತು. ಪತ್ರಿಕೆಗಳು ಬರೆದವು; ಕೇಂದ್ರದ ಗ್ರಾಹಕ ಸಂರಕ್ಷಣಾ ಪ್ರಾಧಿಕಾರವು ಆಹಾರ ಸುರಕ್ಷತಾ ಪ್ರಾಧಿಕಾರಕ್ಕೆ ವಿಚಾರಿಸಿರೆಂದು ಪತ್ರ ಕಳಿಸಿತು. ಆಮೇಲೆ ಎಲ್ಲವೂ ತಣ್ಣಗಾಯಿತು. ನಮ್ಮ ಮಕ್ಕಳ ಬಾಯಿಗೆ ಬಿದ್ದುದನ್ನು ಕುರಿತು ನಾವು ಕೆಲವು ದಿವಸ ಮಾತ್ರ ಕೋಪಗೊಂಡು, ಬಳಿಕ ಕ್ರಿಕೆಟ್ಟಿಗೂ ಚುನಾವಣೆಗೂ ಮರಳಿದೆವು. ಸ್ತನ್ಯಪಾನ ಸಪ್ತಾಹವು ಪ್ರತಿ ವರ್ಷ ಆಗಸ್ಟಿನ ಮೊದಲ ವಾರದಲ್ಲಿ ಬರುತ್ತದೆ. ಮತ್ತೆ ಬ್ಯಾನರುಗಳು ಏಳುವುದಕ್ಕೆ ಮೊದಲು, ಮತ್ತೆ ವೇದಿಕೆಯ ಮೇಲೆ ಹಾರಗಳು ಬೀಳುವುದಕ್ಕೆ ಮೊದಲು, ಈ ಪ್ರಶ್ನೆಯನ್ನು ಮನೆಮನೆಗೆ ಮುಟ್ಟಿಸಬೇಕೆಂಬುದೇ ಈ ಕರಪತ್ರದ ಉದ್ದೇಶ.

ಲೋಕದ ಜನಾಂಗಗಳನ್ನೆಲ್ಲ ಒಮ್ಮೆ ಅವಲೋಕಿಸಿ ನೋಡಿರಿ. ಶಿಶುವನ್ನು ಎದೆಹಾಲಿನಿಂದ ಮನೆಯ ಅನ್ನಕ್ಕೆ ಮೆಲ್ಲಮೆಲ್ಲನೆ ತರುವ ಕಾರ್ಯವನ್ನು ಪ್ರತಿಯೊಂದು ಜನಾಂಗವೂ ಒಂದು ಪವಿತ್ರ ವಿಧಿಯೆಂದೇ ಭಾವಿಸಿದೆ. ಜಪಾನಿನವರು ಮಗುವಿಗೆ ನೂರು ದಿವಸಗಳಾದಾಗ ಅದರ ಮುಂದೆ ಪುಟ್ಟದೊಂದು ಊಟದ ಹರಿವಾಣವನ್ನಿಟ್ಟು, ಅನ್ನವನ್ನು ತುಟಿಗೆ ಮುಟ್ಟಿಸಿದಂತೆ ಮಾಡಿ ಹರಸುತ್ತಾರೆ. ತರುವಾಯ ತಿಂಗಳುಗಳು ಕಳೆದ ಮೇಲೆ ಒಂದು ಪಾಲು ಅಕ್ಕಿಗೆ ಹತ್ತು ಪಾಲು ನೀರು ಹಾಕಿ ಕುದಿಸಿದ ತಿಳಿಗಂಜಿಯಿಂದ ಊಟಕ್ಕೆ ಆರಂಭ. ನೈಜೀರಿಯಾದ ತಾಯಿ ಜೋಳವನ್ನೋ ಸಜ್ಜೆಯನ್ನೋ ನೆನೆಸಿ, ಅರೆದು, ಹುಳಿ ಬರಿಸಿ, ಸೋಸಿ, ಓಗಿ ಎಂಬ ಗಂಜಿ ಕಾಯಿಸುತ್ತಾಳೆ. ಕೊರಿಯಾದಲ್ಲಿ ಬಾಣಂತಿಗೆ ಕಡಲಪಾಚಿಯ ಸಾರನ್ನು ಬಡಿಸುತ್ತಾರೆ, ಏಕೆಂದರೆ ಮಗುವನ್ನು ಪೋಷಿಸಬೇಕಾದವಳು ತಾನು ಮೊದಲು ಪುಷ್ಟಳಾಗಬೇಕು. ಕೇರಳದವರು ಚೋರೂಣ್ ಎಂಬ ಮೊದಲ ಅನ್ನದ ವಿಧಿಗೆಂದು ಕೂಸನ್ನೆತ್ತಿಕೊಂಡು ಗುರುವಾಯೂರಿಗೆ ನಡೆಯುತ್ತಾರೆ.

ನಮ್ಮ ಹಳೆಯ ಮೈಸೂರು ಸೀಮೆಯ ರಾಗಿ ಸರಿಯನ್ನು ಬಲ್ಲವರು ಬಲ್ಲರು. ರಾಗಿಯನ್ನು ಕಲ್ಲು ಆರಿಸಿ, ತೊಳೆದು, ರಾತ್ರಿಯೆಲ್ಲ ನೆನೆಸಿ, ಒದ್ದೆಬಟ್ಟೆಯಲ್ಲಿ ಗಂಟು ಕಟ್ಟಿಟ್ಟು, ಬಿಳಿಯ ಮೊಳಕೆ ತಲೆದೋರಿದ ಮೇಲೆ ನೆರಳಿನಲ್ಲಿ ಒಣಗಿಸಿ, ಹದವಾಗಿ ಹುರಿದು, ಬೀಸಿ, ತೆಳ್ಳನೆಯ ಬಟ್ಟೆಯಲ್ಲಿ ಜಾಲಿಸಿ ಡಬ್ಬಕ್ಕೆ ತುಂಬುವ ಅಜ್ಜಿಗೆ ರಸಾಯನಶಾಸ್ತ್ರದ ಪರಿಭಾಷೆ ಬಾರದಿರಬಹುದು; ಆದರೆ ಮೊಳಕೆಯೊಡೆದ ಧಾನ್ಯದಲ್ಲಿ ಪಿಷ್ಟವು ತಾನಾಗಿ ಸಡಿಲಗೊಂಡು, ಹೆಚ್ಚು ಹಿಟ್ಟು ಹಾಕಿದರೂ ಗಂಜಿ ತೆಳುವಾಗಿಯೇ ಉಳಿದು, ಮಗುವಿನ ಮುಷ್ಟಿಯಷ್ಟೇ ಇರುವ ಹೊಟ್ಟೆಗೆ ಪ್ರತಿಯೊಂದು ಚಮಚದಲ್ಲೂ ಅಧಿಕ ಪೋಷಣೆ ಸಲ್ಲುತ್ತದೆಂಬುದನ್ನು ಇಂದಿನ ವಿಜ್ಞಾನವೂ ಒಪ್ಪಿದೆ. ನೂರು ಗ್ರಾಂ ರಾಗಿಯಲ್ಲಿ 340 ಮಿಲಿಗ್ರಾಂಗೂ ಮಿಗಿಲಾದ ಕ್ಯಾಲ್ಸಿಯಂ ಇದೆ. ಕರಾವಳಿಯವರ ರಾಗಿ ಮಣ್ಣಿಯೂ ಇದೇ ಕುಲದ್ದು. ಈ ಯಾವ ಅಡುಗೆಮನೆಯಲ್ಲಾದರೂ ಬಿಳಿಯ ಮಗುವಿಗೊಂದು ಅಳತೆ, ಕಪ್ಪು ಮಗುವಿಗೊಂದು ಅಳತೆ ಎಂಬ ಭೇದವನ್ನು ಯಾರಾದರೂ ಕಂಡುದುಂಟೆ? ಆ ಭೇದವನ್ನು ಶಿಶುವಿನ ತುತ್ತಿನೊಳಕ್ಕೆ ತಂದುದು ಡಬ್ಬಿಯ ವ್ಯಾಪಾರ.

ಇದು ನಿನ್ನೆ ಮೊನ್ನೆಯ ಕಥೆಯೂ ಅಲ್ಲ. 1867ರಲ್ಲಿ ವೆವೆ ಪಟ್ಟಣದ ಹೆನ್ರಿ ನೆಸ್ಲೆ ತಯಾರಿಸಿದ ಶಿಶು ಆಹಾರವೇ ಹಸುವಿನ ಹಾಲು, ಗೋಧಿಹಿಟ್ಟು, ಸಕ್ಕರೆಗಳ ಮಿಶ್ರಣ. 1939ರಲ್ಲಿ ಸಿಂಗಪುರದ ರೋಟರಿ ಸಭೆಯಲ್ಲಿ ಸಿಸಿಲಿ ವಿಲಿಯಮ್ಸ್ ಎಂಬ ವೈದ್ಯೆ, ‘ಹಾಲು ಮತ್ತು ಕೊಲೆ’ ಎಂಬರ್ಥದ ಶೀರ್ಷಿಕೆಯನ್ನಿಟ್ಟುಕೊಂಡು, ಸಕ್ಕರೆ ಹಾಕಿ ಗಟ್ಟಿಗೊಳಿಸಿದ ಡಬ್ಬಿಹಾಲನ್ನು ಎಳೆಯ ಶಿಶುಗಳಿಗೆ ಯೋಗ್ಯವೆಂದು ಬಡತಾಯಂದಿರಿಗೆ ಮಾರುವುದನ್ನು ಕೊಲೆಯೆಂದೇ ಎಣಿಸಬೇಕೆಂದು ಗರ್ಜಿಸಿದಳು. ಆಕೆ ಆಫ್ರಿಕದ ಗೋಲ್ಡ್ ಕೋಸ್ಟಿನಲ್ಲಿ ಸೇವೆ ಸಲ್ಲಿಸಿ, ಸತ್ತ್ವಹೀನ ಆಹಾರದಿಂದ ಮಕ್ಕಳ ಮೈ ಊದಿಕೊಳ್ಳುವ ಕ್ವಾಶಿಯೋರ್ಕರ್ ವ್ಯಾಧಿಯನ್ನು ವೈದ್ಯಲೋಕಕ್ಕೆ ಪರಿಚಯಿಸಿದವಳು. ಕಣ್ಣಾರೆ ಕಂಡುದನ್ನೇ ಆಡಿದವಳು. 1977ರಲ್ಲಿ ಅಮೆರಿಕದಲ್ಲಿ ನೆಸ್ಲೆ ಪದಾರ್ಥಗಳ ಬಹಿಷ್ಕಾರ ಮೊದಲಾಯಿತು. 1981ರ ಮೇ ತಿಂಗಳಿನಲ್ಲಿ ವಿಶ್ವ ಆರೋಗ್ಯ ಸಭೆಯು ತಾಯಿಹಾಲಿಗೆ ಬದಲಾಗಿ ಮಾರುವ ವಸ್ತುಗಳ ಪ್ರಚಾರಕ್ಕೆ ಕಡಿವಾಣ ಹಾಕುವ ಸಂಹಿತೆಯನ್ನು ಅಂಗೀಕರಿಸಿದಾಗ 118 ರಾಷ್ಟ್ರಗಳು ಪರವಾಗಿ ನಿಂತವು. ವಿರುದ್ಧವಾಗಿ ಕೈಯೆತ್ತಿದ್ದು ಅಮೆರಿಕವೊಂದೇ. ನಮ್ಮ ಸಂಸತ್ತೂ 1992ರಲ್ಲಿ ಕಾನೂನು ಮಾಡಿತು: ಶಿಶು ಆಹಾರಕ್ಕೆ ಜಾಹೀರಾತು ಕೂಡದು, ಬಿಟ್ಟಿ ಮಾದರಿ ಹಂಚಕೂಡದು, ವೈದ್ಯರಿಗೆ ಉಡುಗೊರೆ ಕೊಡಕೂಡದು.

ಕಾನೂನು ಪುಸ್ತಕದಲ್ಲಿದೆ. ನಮ್ಮ ಊರಿನ ಒಂದು ಖಾಸಗಿ ಆಸ್ಪತ್ರೆಯಲ್ಲಾದರೋ, ಹೆರಿಗೆಯಾಗಿ ಇನ್ನೂ ಎದ್ದು ಕೂರಲಾರದ ಬಾಣಂತಿಯ ತಾಯಿಯ ಕೈಗೆ, ಪುಡಿಹಾಲಿನ ಹೆಸರು ಬರೆದ ಚೀಟಿಯನ್ನು ಕೊಟ್ಟು, “ಹಾಲು ಸಾಲದು ಅಮ್ಮಾ, ಕೆಳಗಿನ ಮೆಡಿಕಲ್ ಶಾಪಿನಲ್ಲಿ ಸಿಗುತ್ತದೆ” ಎಂದು ಕಳಿಸುತ್ತಾರೆ. ಹಾಲು ಸಾಲದೆಂದು ನಿರ್ಣಯಿಸುವುದಕ್ಕೆ ಮಗುವನ್ನು ಎದೆಗೆ ಹಾಕಿಯಾದರೂ ನೋಡಿದ್ದರೇ ಎಂದು ಕೇಳಿದರೆ ಉತ್ತರವಿಲ್ಲ.

ಇನ್ನು ಆಕ್ಷೇಪಗಳು. ನಾವು ಕಾನೂನಿನ ಮಿತಿಯೊಳಗೇ ಇದ್ದೇವೆ ಎಂದಿತು ಕಂಪನಿ. ಮಿತಿಯನ್ನಿಟ್ಟು ಸಕ್ಕರೆಗೆ ಬಾಗಿಲು ತೆರೆದಿರಿಸಿದ ಕಾನೂನು ಯಾರ ಮಕ್ಕಳ ಮುಖ ನೋಡಿ ಬರೆದದ್ದು? ಐದು ವರ್ಷಗಳಲ್ಲಿ ಶೇಕಡ 30ರವರೆಗೆ ತಗ್ಗಿಸಿದ್ದೇವೆ ಎಂದಿತು. ತಗ್ಗಿಸಲು ಬರುವುದಾದರೆ ಬೆರೆಸಿದ್ದೇಕೆ? 2024ರ ಕೊನೆಯ ತಿಂಗಳುಗಳಲ್ಲಿ ಸಕ್ಕರೆ ಬೆರೆಸದ ಬಗೆಗಳನ್ನೂ ಇಲ್ಲಿ ಬಿಡುಗಡೆ ಮಾಡುವುದಾಗಿ ಸಾರಿತು. ಮೊದಲಿನಿಂದಲೂ ಇದು ಸಾಧ್ಯವಿತ್ತೆಂಬುದಕ್ಕೆ ಬೇರೆ ಸಾಕ್ಷಿ ಬೇಡ. ಸಿಹಿಯಿಲ್ಲದಿದ್ದರೆ ಮಗು ತಿನ್ನುವುದಿಲ್ಲ ಎನ್ನುವ ಪಂಡಿತರೂ ಇದ್ದಾರೆ. ಜರ್ಮನಿಯ ಕೂಸುಗಳೆಲ್ಲ ಉಪವಾಸ ಬಿದ್ದಿವೆಯೋ ಎಂದು ಅವರೇ ಹೋಗಿ ನೋಡಿಕೊಂಡು ಬರಲಿ! ನಿಮ್ಮ ಅಜ್ಜಿ ಸರಿಗೆ ಬೆಲ್ಲ ಹಾಕುತ್ತಿರಲಿಲ್ಲವೇ ಎಂದು ಮೂದಲಿಸುವವರಿಗೆ ಹೇಳುವುದಿಷ್ಟೇ: ಅಜ್ಜಿ ಹಾಕಿದ್ದರೆ ತನ್ನ ಮೊಮ್ಮಗುವಿಗೂ ಹಾಕಿದಳು, ನೆರೆಮನೆಯ ಮಗುವಿಗೂ ಹಾಕಿದಳು, ತನ್ನ ಕೂಸಿಗೆ ಸಪ್ಪೆ, ಪರರ ಕೂಸಿಗೆ ಸಕ್ಕರೆ ಎಂದು ಲೆಕ್ಕ ಹಾಕಿ ಲಾಭ ಎಣಿಸಲಿಲ್ಲ.

ಇಷ್ಟು ಓದಿದೊಡನೆ ಕೈತಟ್ಟುವ ಒಂದು ಪಕ್ಷವಿದೆ. ಅವರ ಚಪ್ಪಾಳೆ ನಮಗೆ ಬೇಡ. ಪರದೇಶದ ಡಬ್ಬಿಯನ್ನು ಬಿಸಾಡಿ, ಪೂರ್ವಿಕರ ಪದ್ಧತಿಯಲ್ಲಿ ಎಳ್ಳಷ್ಟೂ ದೋಷವಿಲ್ಲವೆಂದು ವಾಟ್ಸಾಪಿನಲ್ಲಿ ಘೋಷಿಸುವ ಈ ಸನಾತನ ಪೋಷಣಾಚಾರ್ಯರು, ಹುಟ್ಟಿದ ದಿವಸವೇ ಕೂಸಿನ ನಾಲಿಗೆಗೆ ಜೇನುತುಪ್ಪ ನೆಕ್ಕಿಸುತ್ತಾರೆ, ಹರಳೆಣ್ಣೆ ಕುಡಿಸುತ್ತಾರೆ, ತಾಯಿಯ ಮೊದಲ ದಿವಸಗಳ ಹಳದಿ ಹಾಲನ್ನು ಕೆಟ್ಟದ್ದೆಂದು ಹಿಂಡಿ ಚೆಲ್ಲಿಸುತ್ತಾರೆ. ರೋಗನಿರೋಧಕ ಸತ್ತ್ವದಿಂದ ತುಂಬಿ ಶಿಶುವಿಗೆ ಮೊದಲ ಲಸಿಕೆಯಂತಿರುವ ಹಾಲು ಅದು. ವರ್ಷ ತುಂಬದ ಮಗುವಿಗೆ ಜೇನು ಬಾಟುಲಿಸಂ ಎಂಬ ಪ್ರಾಣಾಂತಿಕ ವ್ಯಾಧಿಯನ್ನು ತರಬಲ್ಲದೆಂದು ವೈದ್ಯರು ಎಷ್ಟು ಸಾರಿ ಹೇಳಿದರೂ ಇವರಿಗೆ ಕಿವುಡು. ಕಂಪನಿಯ ಸಕ್ಕರೆ ವಿಷ, ತಮ್ಮ ಕೈಯ ಜೇನು ಪ್ರಸಾದ! ಇಂಥವರು ನಮ್ಮ ಪಕ್ಷದಲ್ಲಿ ನಿಲ್ಲುವುದಕ್ಕಿಂತ ಎದುರುಪಕ್ಷದಲ್ಲಿ ನಿಲ್ಲುವುದೇ ಮಕ್ಕಳಿಗೆ ಕ್ಷೇಮ.

ಸಪ್ತಾಹದ ಸಂಘಗಳವರಿಗೂ ಎರಡು ಮಾತು. ತಾಯಿಹಾಲು ಅಮೃತವೆಂದು ನೀವು ಭಾಷಣ ಮಾಡುತ್ತೀರಿ, ನಿಜ. ಆರು ತಿಂಗಳು ಎದೆಹಾಲೊಂದೇ ಎನ್ನುತ್ತೀರಿ, ಅದೂ ನಿಜ. ಆದರೆ ಕೊಡದ ತಾಯಿ ತಪ್ಪಿತಸ್ಥೆ ಎಂಬಂತೆ ಬೆರಳು ತೋರಿಸುತ್ತೀರಲ್ಲ, ಆ ಬೆರಳು ಹೋಗಬೇಕಾದ ದಿಕ್ಕು ಬೇರೆ. ಹೆರಿಗೆ ಸೌಲಭ್ಯದ ಕಾನೂನಿಗೆ 2017ರಲ್ಲಿ ತಂದ ತಿದ್ದುಪಡಿ 26 ವಾರಗಳ ರಜೆಯನ್ನು ಕೊಟ್ಟಿತೆಂದು ಹಿಗ್ಗುತ್ತೀರಿ. ಕಾಫಿ ತೋಟದಲ್ಲಿ ಹಂಗಾಮಿ ಕೂಲಿ ಮಾಡುವವಳಿಗೆ, ಕಟ್ಟಡದಲ್ಲಿ ಗಾರೆ ಹೊರುವವಳಿಗೆ, ಮನೆಮನೆಯ ಪಾತ್ರೆ ತೊಳೆಯುವವಳಿಗೆ ಆ ರಜೆಯನ್ನು ಕೊಡುವ ಧಣಿ ಯಾರು? ಗಾರ್ಮೆಂಟ್ಸಿನಲ್ಲಿ ಹೊಲಿಗೆ ಯಂತ್ರದ ಮುಂದೆ ಕುಳಿತು, ರವಿಕೆ ಒದ್ದೆಯಾದದ್ದನ್ನು ಸೆರಗಿನಲ್ಲಿ ಮುಚ್ಚಿಕೊಂಡು ಟಾರ್ಗೆಟ್ ಮುಗಿಸುವ ಬಾಣಂತಿಗೆ ನಿಮ್ಮ ಬ್ಯಾನರಿನಿಂದ ಆಗುವುದೇನು? ಆಕೆಯ ಹಾಲನ್ನು ಆಕೆಯ ಮಗುವಿನಿಂದ ಕಿತ್ತುಕೊಂಡ ವ್ಯವಸ್ಥೆಯೇ, ಆ ಮಗುವಿಗೆ ಡಬ್ಬಿಯನ್ನೂ ತಂದು ಮಾರುತ್ತದೆ. ಆ ಡಬ್ಬಿಗೇ ಸಕ್ಕರೆಯನ್ನೂ ಬೆರೆಸುತ್ತದೆ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಆರರಿಂದ ಇಪ್ಪತ್ತಮೂರು ತಿಂಗಳ ನಮ್ಮ ನೂರು ಮಕ್ಕಳಲ್ಲಿ ತಕ್ಕಷ್ಟು ಆಹಾರ ಸಿಗುವುದು ಸುಮಾರು ಹನ್ನೊಂದು ಮಕ್ಕಳಿಗೆ ಮಾತ್ರ. ಉಳಿದ ಎಂಬತ್ತೊಂಬತ್ತರ ಹಸಿವಿನ ಮೇಲೆ ಸಿಹಿ ಸವರಿ ಹಣ ಮಾಡುವುದನ್ನು ವ್ಯಾಪಾರವೆನ್ನಬಹುದು, ಧರ್ಮವೆನ್ನಲಾಗದು.

ನಮಗೆ ತಿಳಿವಳಿಕೆ ಇಲ್ಲವೆಂದೂ ಯಾರೂ ಹೇಳುವಂತಿಲ್ಲ. ಎಮ್ಮೆಯ ಹಾಲಿನಿಂದಲೂ ಶಿಶು ಆಹಾರ ತಯಾರಿಸುವ ವಿಧಾನವನ್ನು ಸಾಧಿಸಿ ಅಮುಲ್‌ಗೆ ಕೊಟ್ಟವರು ಮೈಸೂರಿನ ಕೇಂದ್ರೀಯ ಆಹಾರ ಸಂಶೋಧನಾಲಯದ ವಿಜ್ಞಾನಿಗಳು. ಜ್ಞಾನವಿದೆ, ರಾಗಿಯಿದೆ, ಅಂಗನವಾಡಿಗಳಿವೆ, ಕಾನೂನೂ ಇದೆ. ಇಲ್ಲದಿರುವುದು ನಮ್ಮ ಮಕ್ಕಳ ಬಟ್ಟಲನ್ನು ಲೋಕದ ಯಾವ ಬಟ್ಟಲಿಗೂ ಸಮಾನವೆಂದು ಎಣಿಸುವ ಸ್ವಾಭಿಮಾನ.

ಆದುದರಿಂದ ತಾಯಂದಿರೇ, ಅಕ್ಕಂದಿರೇ, ಡಬ್ಬಿಯನ್ನು ಕೊಳ್ಳುವ ಮುನ್ನ ಅದರ ಬೆನ್ನಿನ ಸಣ್ಣ ಅಕ್ಷರಗಳನ್ನು ಓದಿಸಿ ಕೇಳಿರಿ; ಚೀಟಿ ಕೊಡುವ ಆಸ್ಪತ್ರೆಯವರನ್ನು ಏಕೆಂದು ಕೇಳಿರಿ; ಗ್ರಾಮಸಭೆಯಲ್ಲಿ ಎದ್ದು ನಿಂತು ಕೇಳಿರಿ; ಮತ ಕೇಳಲು ಬಂದವರನ್ನು ಹೊಸ್ತಿಲಲ್ಲೇ ತಡೆದು ಕೇಳಿರಿ. ಸರ್ಕಾರವು ಎಚ್ಚತ್ತು, ಸ್ವಿಟ್ಜರ್ಲೆಂಡಿನ ಶಿಶುವಿಗೆ ಯಾವುದು ಸಲ್ಲದೋ ಅದು ನಮ್ಮ ಶಿಶುವಿಗೂ ಸಲ್ಲದೆಂದು ಒಂದೇ ಸಾಲಿನ ನಿಯಮವನ್ನು ಮಾಡುವ ತನಕ ಈ ಕೇಳ್ವಿ ನಿಲ್ಲಕೂಡದು. ಎರಡು ಬಗೆಯ ಮಕ್ಕಳಿದ್ದಾರೆಂದು ನಂಬಿದವರ ಡಬ್ಬಿಗೆ ನಮ್ಮ ನಾಡಿನಲ್ಲಿ ಒಂದು ಅಂಗಡಿಯ ಜಾಗವೂ ಇರದಿರಲಿ!

ಓದಿದವರು ಬಿಸಾಡದೆ ನೆರೆಮನೆಗೆ ಕೊಡಿರಿ. ಓದಲು ಬಾರದ ತಾಯಂದಿರಿಗೆ ಗಟ್ಟಿಯಾಗಿ ಓದಿ ಹೇಳಿರಿ.